ತಾರೆಯ ಮುಖ ಯಾರ ಸ್ವತ್ತು?

ರಾಜಕಾರಣವನ್ನೂ ಲೋಕವಾರ್ತೆಯನ್ನೂ ವಿಮರ್ಶಿಸುವುದಕ್ಕೆ ಮೀಸಲಾದ ಈ ಪುಟದಲ್ಲಿ ಸಿನೇಮಾ ನಟನಟಿಯರ ಹೆಸರುಗಳನ್ನು ಕಂಡು ಕೆಲವು ಹಿರಿಯ ವಾಚಕರು ಹುಬ್ಬು ಗಂಟಿಕ್ಕುವರೆಂಬುದನ್ನು ನಾವು ಬಲ್ಲೆವು. ಮಕ್ಕಳ ಒತ್ತಾಯಕ್ಕಲ್ಲದೆ ಚಿತ್ರಮಂದಿರದ ಮೆಟ್ಟಿಲನ್ನು ತುಳಿಯದ ಗೃಹಸ್ಥರೂ, ಆ ವಿಷಯವನ್ನು ಕಚೇರಿಯಲ್ಲಿ ಎತ್ತುವುದು ತಮ್ಮ ಘನತೆಗೆ ಕುಂದೆಂದೆಣಿಸುವ ಅಧಿಕಾರಿಗಳೂ ನಮ್ಮ ಚಂದಾದಾರರಲ್ಲಿ ಇದ್ದಾರೆ. ಅವರಲ್ಲಿ ನಮ್ಮ ಬಿನ್ನಹವಿಷ್ಟೆ: ಜಪಾನೀ ಚಲಚ್ಚಿತ್ರದ ಚರಿತ್ರೆಯನ್ನೂ ಅಲ್ಲಿಯ ತಾರೆಯರ ಜೀವನವನ್ನೂ ಕುರಿತ ಕೆಲವು ಗ್ರಂಥಗಳನ್ನು ಈಚೆಗೆ ಓದಿದೆವು, ಮನೋರಂಜನೆಗೆಂದು ಕೈಗೆತ್ತಿಕೊಂಡುದು ರಾಜ್ಯಶಾಸ್ತ್ರದ ಪಾಠವಾಗಿ ಪರಿಣಮಿಸಿತು. ಬೆಳ್ಳಿತೆರೆಯ ಮೇಲೆ ಹೊಳೆಯುವ ಮುಖವು ನಟನ ಸ್ವಂತ ಮುಖವೆಂದು ನಾವೆಲ್ಲರೂ ನಂಬಿದ್ದೇವೆ. ಅದಕ್ಕೆ ಒಡೆಯರು ಬೇರೆ ಇರುತ್ತಾರೆಂಬುದನ್ನು ಈ ಗ್ರಂಥಗಳು ದಾಖಲೆ ಸಮೇತ ತೋರಿಸಿಕೊಡುತ್ತವೆ.

ಮೊದಲನೆಯ ದೃಷ್ಟಾಂತವು ನಮ್ಮ ದೇಶದ ಚರಿತ್ರೆಗೂ ತಾಗುವಂಥದು. 1915ರ ಡಿಸೆಂಬರಿನಲ್ಲಿ ಅಮೇರಿಕೆಯಲ್ಲಿ 'ದಿ ಚೀಟ್' ಎಂಬ ಮೂಕಚಿತ್ರವೊಂದು ಬಿಡುಗಡೆಯಾಯಿತು. ನಿರ್ದೇಶಕನು ಸೆಸಿಲ್ ಬಿ. ಡಿಮಿಲ್. ಹಿಷುರು ತೋರಿ ಎಂಬ ಶ್ರೀಮಂತ ಜಪಾನೀ ವ್ಯಾಪಾರಿಯು, ಹಣದ ಆಪತ್ತಿಗೆ ಸಿಕ್ಕಿದ ಬಿಳಿಯ ಗೃಹಿಣಿಯೊಬ್ಬಳಿಗೆ ದ್ರವ್ಯ ಸಹಾಯ ಮಾಡಿ, ಆಕೆ ಕೊಟ್ಟ ಮಾತಿಗೆ ತಪ್ಪಿದಾಗ, ತನ್ನ ಸಾಮಾನುಗಳಿಗೆ ಒತ್ತುವ ಮುದ್ರೆಯನ್ನು ಬೆಂಕಿಯಲ್ಲಿ ಕಾಯಿಸಿ ಆಕೆಯ ಭುಜದ ಮೇಲೆ ಬರೆಯೆಳೆಯುತ್ತಾನೆ. ಆ ಪಾತ್ರವನ್ನು ವಹಿಸಿದ ಸೆಸ್ಸೂ ಹಾಯಕಾವಾ ಎಂಬ ಜಪಾನೀ ತರುಣನು ಆ ಒಂದೇ ಚಿತ್ರದಿಂದ ಅಮೇರಿಕೆಯ ಮೊದಲ ಪಂಕ್ತಿಯ ತಾರೆಯರಲ್ಲೊಬ್ಬನಾದನು. ಬಿಳಿಯರು ಅವನ ಕ್ರೌರ್ಯವನ್ನು ಕಂಡು ನಡುಗಿದರು. ಅವರ ಹೆಂಗಸರು ಅವನ ರೂಪಕ್ಕೆ ಮರುಳಾದರು. ಆದರೆ ಲಾಸ್ ಏಂಜಲೀಸಿನಲ್ಲಿ ನೆಲೆಸಿದ್ದ ಜಪಾನೀಯರಿಗೆ, ಮೊದಲೇ ನೆರೆಹೊರೆಯವರ ಸಂಶಯದ ನಡುವೆ ದಿನಗಳೆಯುತ್ತಿದ್ದವರಿಗೆ, ಇದು ಬೆನ್ನಿಗೆ ಬಿದ್ದ ಬರೆಯಾಯಿತು. ಅವರ ಪತ್ರಿಕೆಯೂ ಸಂಘವೂ ಪ್ರತಿಭಟಿಸಿದುವು. ಹಾಯಕಾವಾ ಜನ್ಮಭೂಮಿಗೆ ಕಳಂಕವೆನಿಸಿಕೊಂಡನು.

1918ರಲ್ಲಿ ಅದೇ ಚಿತ್ರವು ಮರಳಿ ಬಿಡುಗಡೆಯಾಯಿತು. ಅಷ್ಟರಲ್ಲಿ ಮಹಾಯುದ್ಧದಲ್ಲಿ ಜಪಾನೂ ಅಮೇರಿಕೆಯೂ ಒಂದೇ ಪಕ್ಷಕ್ಕೆ ಸೇರಿದ್ದುವು. ಮಿತ್ರರಾಷ್ಟ್ರದ ಮನಸ್ಸನ್ನು ನೋಯಿಸುವುದು ಸಲ್ಲದು. ಆದಕಾರಣ ಕಂಪನಿಯವರು ಒಂದು ಉಪಾಯ ಮಾಡಿದರು. ಅಭಿನಯ ಅದೇ, ಮುಖ ಅದೇ, ಕಾಯಿಸಿದ ಮುದ್ರೆಯೂ ಅದೇ. ದೃಶ್ಯಗಳ ನಡುವೆ ಬರುವ ಬರಹದ ಫಲಕಗಳನ್ನು ಮಾತ್ರ ಬದಲಾಯಿಸಿ, ಹಿಷುರು ತೋರಿಯನ್ನು ಹಾಕಾ ಅರಕಾವು ಎಂಬ ಬರ್ಮಾ ದೇಶದ ದಂತದ ಕುಬೇರನನ್ನಾಗಿ ಮಾಡಿಬಿಟ್ಟರು! ಆಗ ಬರ್ಮೆಯು ಬ್ರಿಟಿಷ್ ಇಂಡಿಯಾದ ಒಂದು ಪ್ರಾಂತವಾಗಿ ವೈಸರಾಯರ ಆಳಿಕೆಯಲ್ಲಿದ್ದಿತೆಂಬುದನ್ನು ವಾಚಕರು ಮರೆತಿರಲಾರರು. 1937ರಲ್ಲಿ ಅಷ್ಟೇ ಅದು ಬೇರ್ಪಟ್ಟಿತು. ಜಪಾನಿಗೆ ವಾಷಿಂಗ್ಟನ್ನಿನಲ್ಲಿ ರಾಯಭಾರಿ ಇದ್ದನು, ಸಮುದ್ರದ ಮೇಲೆ ಯುದ್ಧನೌಕೆಗಳಿದ್ದುವು. ಬರ್ಮೆಗೆ ಎರಡೂ ಇರಲಿಲ್ಲ. ಅಪಮಾನವು ಬಲಿಷ್ಠನ ಮನೆಯಿಂದ ಹೊರಟು ಪರಾಧೀನನ ಮನೆಯ ಜಗುಲಿಯ ಮೇಲೆ ಬಂದು ಕುಳಿತಿತು. ಬಾಗಿಲಿಗೆ ಬಂದು ಕೇಳುವವರಿರಲಿಲ್ಲ. ಪರತಂತ್ರ ಜನರ ಸ್ಥಿತಿಯನ್ನು ಇದಕ್ಕಿಂತ ಸಂಕ್ಷೇಪವಾಗಿ ತಿಳಿಸುವ ಚರಿತ್ರೆಯ ಪ್ರಸಂಗವನ್ನು ನಾವು ಹೆಚ್ಚಾಗಿ ಕಂಡಿಲ್ಲ.

ಈ ವೃತ್ತಾಂತವೆಲ್ಲ ದಾಯಿಸುಕೆ ಮಿಯಾವೊ ಎಂಬ ವಿದ್ವಾಂಸರು ಹಾಯಕಾವಾನನ್ನು ಕುರಿತು 2007ರಲ್ಲಿ ಪ್ರಕಟಿಸಿದ ಇಂಗ್ಲೀಷು ಗ್ರಂಥದಲ್ಲಿದೆ. ಗ್ರಂಥಕರ್ತರು ಆ ಕಾಲದ ಸಿನೇಮಾ ಮಾಸಿಕಗಳನ್ನೂ ವೃತ್ತಪತ್ರಿಕೆಗಳನ್ನೂ ಶೋಧಿಸಿ, ಒಬ್ಬನೇ ಮನುಷ್ಯನು ಎರಡು ದೇಶಗಳಲ್ಲಿ ಎರಡು ವಿಧವಾಗಿ ಹೇಗೆ ನಿರ್ಮಿತನಾದನೆಂಬುದನ್ನು ವಿವರಿಸಿದ್ದಾರೆ. ಅಮೇರಿಕೆಯಲ್ಲಿ ಅವನು ನಾಗರಿಕನೂ ಆಗಿರಬೇಕು, ಆ ನಾಗರಿಕತೆಯ ಪದರದ ಕೆಳಗೆ ಭಯಂಕರನೂ ಆಗಿರಬೇಕು. ಜಪಾನಿನಲ್ಲಾದರೋ ಕೆಲವರಿಗೆ ದೇಶದ್ರೋಹಿ, ಚಿತ್ರಕಲೆಯ ಸುಧಾರಣೆಯನ್ನು ಬಯಸಿದ ತರುಣರಿಗೆ ಲೋಕವನ್ನು ಗೆದ್ದ ಆದರ್ಶ ನಟ. ಇಂಥ ಪಾತ್ರಗಳಿಂದ ಪಾರಾಗಲು ಅವನು 1918ರಲ್ಲಿ ತನ್ನದೇ ಕಂಪನಿಯನ್ನು ತೆರೆದನು. ಆದರೂ 1957ರ 'ದಿ ಬ್ರಿಜ್ ಆನ್ ದಿ ರಿವರ್ ಕ್ವಾಯ್' ಚಿತ್ರದಲ್ಲಿ, ತನ್ನ ವೃದ್ಧಾಪ್ಯದಲ್ಲಿ, ಬರ್ಮಾ ರೈಲುಮಾರ್ಗದ ಸೆರೆಶಿಬಿರದ ನಿಷ್ಠುರ ಜಪಾನೀ ಅಧಿಕಾರಿಯಾಗಿಯೇ ಅವನು ಮತ್ತೆ ಲೋಕವಿಖ್ಯಾತನಾಗಬೇಕಾಯಿತು.

ಇನ್ನು ಜಪಾನಿನೊಳಗಣ ಚರಿತ್ರೆಗೆ ಬರೋಣ. ಅದನ್ನು ಹೊರಲೋಕಕ್ಕೆ ಮೊದಲು ಸಮಗ್ರವಾಗಿ ತಿಳಿಸಿದವರು ಪರದೇಶೀಯರು. ಡೊನಾಲ್ಡ್ ರಿಚಿ ಎಂಬ ಅಮೇರಿಕದ ತರುಣನು 1947ರಲ್ಲಿ ವಿಜೇತ ಸೈನ್ಯದ ಆಡಳಿತದ ನೌಕರನಾಗಿ ಟೋಕಿಯೋಗೆ ಬಂದನು. ಜಪಾನೀಯರ ಚಿತ್ರಮಂದಿರಗಳಿಗೆ ಕಾಲಿಡಕೂಡದೆಂದು ಅವರ ಕಡೆಯವರಿಗೆ ಕಟ್ಟಪ್ಪಣೆಯಿದ್ದರೂ, ಭಾಷೆ ತಿಳಿಯದೆಯೇ, ಕದ್ದು ಒಳಹೊಕ್ಕು ಚಿತ್ರಗಳನ್ನು ನೋಡತೊಡಗಿದನು. ಜೋಸೆಫ್ ಆಂಡರ್ಸನ್ ಎಂಬವನೊಡನೆ ಕೂಡಿ ಅವನು ಬರೆದ 'ದಿ ಜಾಪನೀಸ್ ಫಿಲ್ಮ್: ಆರ್ಟ್ ಅಂಡ್ ಇಂಡಸ್ಟ್ರಿ' ಎಂಬ ಉದ್ಗ್ರಂಥವು 1959ರಲ್ಲಿ ಹೊರಬಂದಿತು, ಸುಪ್ರಸಿದ್ಧ ನಿರ್ದೇಶಕ ಕುರೊಸಾವಾ ಅದಕ್ಕೆ ಮುನ್ನುಡಿ ಬರೆದನು. ಜಪಾನೀಯರು ಸ್ವತಃ ಬರೆಯದೆ ಕುಳಿತಿದ್ದರೆಂದು ಇದರ ಅರ್ಥವಲ್ಲ. ತನಾಕಾ ಜುನ್‌ಇಚಿರೊ ಎಂಬವನ ಬಹು ಸಂಪುಟಗಳ ಚರಿತ್ರೆಯು 1957ರಿಂದಲೇ ಪ್ರಕಟವಾಗತೊಡಗಿತ್ತು. ಸಾತೊ ತದಾಓ ಎಂಬ ವಿಮರ್ಶಕನ ನಾಲ್ಕು ಸಂಪುಟಗಳು 1995ರಲ್ಲಿ ಬಂದುವು. ಆದರೆ ಲೋಕವು ಓದಿದುದು ಇಂಗ್ಲೀಷಿನಲ್ಲಿದ್ದುದನ್ನು. ರೈಸ್ ಸಾಹೇಬರ ಸಂಪುಟಗಳ ಮೂಲಕ ನಮ್ಮ ಶಾಸನಗಳ ಪರಿಚಯವನ್ನು ಪಡೆದ ನಾವು ಇದಕ್ಕಾಗಿ ಜಪಾನೀಯರನ್ನು ನೋಡಿ ನಗುವಂತಿಲ್ಲ. ರಿಚಿಯು ಆ ದೇಶವನ್ನು ಮನಸಾರೆ ಪ್ರೀತಿಸಿದವನು; 2013ರಲ್ಲಿ ಟೋಕಿಯೋದಲ್ಲಿಯೇ ತೀರಿಕೊಂಡನು. ಅವನಿಗೆ ಕೃತಜ್ಞತೆಯನ್ನು ಸಲ್ಲಿಸಿಯೂ ಒಂದು ಮಾತು ಹೇಳಬಹುದು: ಆ ಮಾರ್ಗದಲ್ಲಿ ನಡೆದ ಪಾಶ್ಚಾತ್ಯ ಲೇಖಕರು ಕುರೊಸಾವಾ, ಓಜು, ಮಿಜೊಗುಚಿ ಎಂದು ನಿರ್ದೇಶಕರನ್ನೇ ಋಷಿಗಳಂತೆ ಎಣಿಸಿ ಬರೆದರು. ಜನರು ದುಡ್ಡು ಕೊಟ್ಟು ನೋಡಹೋದುದು ಯಾರನ್ನೆಂಬ ಪ್ರಶ್ನೆಯು ಬಹುಕಾಲ ಹಿಂದೆಯೇ ಉಳಿಯಿತು.

ಆ ಪ್ರಶ್ನೆಯನ್ನೇ ಮುಂದಿಟ್ಟುಕೊಂಡು ಹಿದೆಯಾಕಿ ಫುಜಿಕಿ ಎಂಬ ವಿದ್ವಾಂಸರು 2013ರಲ್ಲಿ 'ಮೇಕಿಂಗ್ ಪರ್ಸೋನಾಸ್' ಎಂಬ ಗ್ರಂಥವನ್ನು ಪ್ರಕಟಿಸಿದ್ದಾರೆ. ಜಪಾನಿನ ಆದಿಕಾಲದ ತಾರೆಗಳು ತೆರೆಯ ಮೇಲೆ ಇರಲೇ ಇಲ್ಲವೆಂಬುದು ಅದರಿಂದ ತಿಳಿಯುವ ಮೊದಲ ಸೋಜಿಗ. ಮೂಕಚಿತ್ರದ ಪಕ್ಕದಲ್ಲಿ ನಿಂತು ಕಥೆಯನ್ನು ಹೇಳುತ್ತ, ಎಲ್ಲ ಪಾತ್ರಗಳ ಸಂಭಾಷಣೆಯನ್ನೂ ತಾನೇ ನುಡಿಯುತ್ತಿದ್ದ 'ಬೆಂಶಿ' ಎಂಬ ವ್ಯಾಖ್ಯಾನಕಾರನೇ ಜನರ ಆರಾಧ್ಯನಾಗಿದ್ದನು. ನಮ್ಮ ತಾಳಮದ್ದಳೆಯ ಅರ್ಥಧಾರಿಯನ್ನೂ ಹರಿಕಥಾದಾಸರನ್ನೂ ಬಲ್ಲ ವಾಚಕರಿಗೆ ಇದನ್ನು ಊಹಿಸುವುದು ಕಷ್ಟವಲ್ಲ. 1917ರಿಂದ ಟೋಕಿಯೋದ ಪೋಲೀಸರು ಈ ಬೆಂಶಿಗಳಿಗೆ ಪರವಾನಗಿಯ ಕಟ್ಟಳೆಯನ್ನು ವಿಧಿಸಿದರು; ಕತ್ತಲೆಯಲ್ಲಿ ಸಾವಿರ ಜನರನ್ನು ಮಾತಿನಿಂದ ಕಟ್ಟಿಹಾಕುವವನ ಮೇಲೆ ಸರಕಾರದ ಕಣ್ಣು ಬೀಳದಿರುವುದುಂಟೆ? 1931ರ ಬಳಿಕ ಮಾತಿನ ಚಿತ್ರಗಳು ಬಂದು ಆ ಕಸಬು ಮುಳುಗಿತು. ಕುರೊಸಾವಾನ ಅಣ್ಣನು ಬೆಂಶಿಯಾಗಿದ್ದು, ಅವರ ಮುಷ್ಕರದ ಮುಂದಾಳಾಗಿ ಸೋತು, 1933ರಲ್ಲಿ ಪ್ರಾಣ ಕಳೆದುಕೊಂಡನು. ತಮ್ಮನು ತನ್ನ ಆತ್ಮಕಥೆಯಲ್ಲಿ ಇದನ್ನು ಬರೆದ ಪುಟಗಳು ಕರುಳನ್ನು ಹಿಂಡುತ್ತವೆ.

ತೆರೆಯ ಮೇಲಿನ ಮೊದಲ ಮಹಾತಾರೆ ಓನೊಯೆ ಮತ್ಸುನೊಸುಕೆ. ಊರೂರು ತಿರುಗುವ ನಾಟಕ ಮಂಡಳಿಯಲ್ಲಿದ್ದ ಇವನನ್ನು ಕ್ಯೋಟೋದ ನಾಟಕಗೃಹದ ಯಜಮಾನ ಮಾಕಿನೊ ಶೋಜೊ ಗುರುತಿಸಿ 1909ರಲ್ಲಿ ಚಿತ್ರಗಳಿಗೆ ತಂದನು. ದೊಡ್ಡ ಕಣ್ಣುಗಳ ಈ ವೀರನು ಹತ್ತಿರ ಹತ್ತಿರ ಸಾವಿರ ಚಿತ್ರಗಳಲ್ಲಿ ಕಾಣಿಸಿಕೊಂಡನೆಂದು ಚರಿತ್ರಕಾರರು ಎಣಿಸುತ್ತಾರೆ. 1926ರಲ್ಲಿ ಅವನು ತೀರಿಕೊಂಡಾಗ ಕ್ಯೋಟೋ ನಗರದ ಬೀದಿಗಳೇ ಶೋಕಯಾತ್ರೆಯಾದುವು. ಅವನ ಸಾವಿರ ಚಿತ್ರಗಳಲ್ಲಿ ಇಂದು ಬೆರಳೆಣಿಕೆಯಷ್ಟು ಮಾತ್ರ ಉಳಿದಿವೆ. 1923ರ ಸೆಪ್ಟೆಂಬರ್ 1ರ ಮಹಾಭೂಕಂಪದ ಅಗ್ನಿ, 1945ರ ಬಾಂಬು ದಾಳಿ, ಬೇಗನೆ ಉರಿದುಹೋಗುವ ಅಂದಿನ ಫಿಲ್ಮಿನ ಗುಣ, ಹಳೆಯದರಿಂದ ಲಾಭವಿಲ್ಲವೆಂಬ ವ್ಯಾಪಾರಿಗಳ ಉದಾಸೀನ, ಇವೆಲ್ಲವೂ ಸೇರಿ ಜಪಾನಿನ ಮೂಕಚಿತ್ರಗಳ ಬಹುಪಾಲನ್ನು ನುಂಗಿದುವು. ಆದಕಾರಣ ಈ ಗ್ರಂಥಗಳು ಚಿತ್ರಗಳ ವ್ಯಾಖ್ಯಾನಗಳಷ್ಟೇ ಅಲ್ಲ. ಸತ್ತವರ ಪರವಾಗಿ ನಿಂತ ಸಾಕ್ಷಿಗಳು. 1934ರ ಮಾರ್ಚಿನಲ್ಲಿ ಬೆಂಗಳೂರಿನಲ್ಲಿ ತೆರೆಕಂಡ ನಮ್ಮ ಪ್ರಥಮ ಕನ್ನಡ ವಾಕ್ಚಿತ್ರ 'ಸತಿ ಸುಲೋಚನಾ'ದ ಪ್ರತಿಯೂ ನಮಗೆ ಉಳಿದು ಬಂದಿಲ್ಲ. ಅದನ್ನು ಕಣ್ಣಾರೆ ಕಂಡವರ ಮಾತುಗಳನ್ನು ಜಪಾನೀಯರಂತೆ ಗ್ರಂಥಗಳಲ್ಲಿ ಕೂಡಿಡುವ ಕೆಲಸವನ್ನು ನಾವು ಎಷ್ಟರಮಟ್ಟಿಗೆ ಮಾಡಿದೆವು?

ನಮ್ಮ ನಾಟಕ ಕಂಪನಿಗಳಲ್ಲಿದ್ದಂತೆ ಅಲ್ಲಿಯೂ ಸ್ತ್ರೀಪಾತ್ರಗಳನ್ನು ಗಂಡಸರೇ ವಹಿಸುತ್ತಿದ್ದರು. ಚಿತ್ರಗಳಲ್ಲಿ 1920ರ ಸುಮಾರಿಗೆ ಅಷ್ಟೇ ಆ ಪದ್ಧತಿ ಮುರಿಯತೊಡಗಿತು. ಹಾಗೆ ಸ್ತ್ರೀವೇಷದ ಶಿಕ್ಷಣವನ್ನು ಪಡೆದು ಬಂದ ಸುಂದರ ತರುಣನೊಬ್ಬನು 1927ರಲ್ಲಿ ಶೋಚಿಕು ಕಂಪನಿಯ ಚಿತ್ರಗಳಲ್ಲಿ ಹಾಯಾಶಿ ಚೋಜಿರೊ ಎಂಬ ಹೆಸರಿನಿಂದ ಕಾಣಿಸಿಕೊಂಡು ಹತ್ತು ವರ್ಷ ದೇಶದ ಕಣ್ಮಣಿಯಾಗಿದ್ದನು. 1937ರಲ್ಲಿ ಅವನು ತೋಹೊ ಎಂಬ ಪ್ರತಿಸ್ಪರ್ಧಿ ಕಂಪನಿಯನ್ನು ಸೇರಿದನು. ಆ ನವೆಂಬರಿನಲ್ಲಿ ಕ್ಯೋಟೋದಲ್ಲಿ ದುಷ್ಕರ್ಮಿಯೊಬ್ಬನು ಕ್ಷೌರದ ಅಲಗಿನಿಂದ ಅವನ ಎಡಗೆನ್ನೆಯನ್ನು ಸೀಳಿಬಿಟ್ಟನು. ನಟನ ಬಂಡವಾಳವು ಅವನ ಮುಖ. ಬಂಡವಾಳವು ಕೈ ಬದಲಾಯಿಸುವುದಾದರೆ ಅದನ್ನು ಕೆಡಿಸಿಬಿಡಬೇಕೆಂಬ ದುಷ್ಟಬುದ್ಧಿಯ ಕೆಲಸವಿದು. ಮುಖದ ಜೊತೆಗೆ ಹೆಸರೂ ಹೋಯಿತು. ಹಳೆಯ ಕಂಪನಿಯಿಂದ ಬಂದ ಹೆಸರನ್ನು ಅಲ್ಲಿಗೇ ಒಪ್ಪಿಸಿ, ಹಾಸೆಗಾವಾ ಕಾಜುಓ ಎಂಬ ತಂದೆತಾಯಿಗಳು ಇಟ್ಟ ಹೆಸರಿನಿಂದ, ಗಾಯದ ಕಲೆಯನ್ನು ಬಣ್ಣದಿಂದ ಮುಚ್ಚಿಕೊಂಡು, ಅವನು ಮತ್ತೆ ಮೊದಲಿನಿಂದ ಆರಂಭಿಸಿದನು. ಮತ್ತೆ ಗೆದ್ದನೆಂಬುದು ಅವನ ದೊಡ್ಡಸ್ತಿಕೆ.

ವ್ಯಾಪಾರಿಯ ಒಡೆತನವು ಹೀಗಾದರೆ ಸರಕಾರದ ಒಡೆತನವು ಹೇಗಿದ್ದೀತು? 1939ರಲ್ಲಿ ಜಪಾನು ಜರ್ಮನಿಯ ನಾಜೀ ಕಾನೂನಿನ ಮಾದರಿಯಲ್ಲಿ ಚಿತ್ರಶಾಸನವೊಂದನ್ನು ಜಾರಿಗೊಳಿಸಿತು. ಕಥೆಯನ್ನು ಚಿತ್ರೀಕರಣಕ್ಕೆ ಮೊದಲೇ ಅಧಿಕಾರಿಗಳಿಗೆ ಒಪ್ಪಿಸಬೇಕು, ನಿರ್ದೇಶಕರೂ ನಟರೂ ಸರಕಾರದ ದಫ್ತರದಲ್ಲಿ ಹೆಸರು ನೋಂದಾಯಿಸಬೇಕು, ಇಲ್ಲವಾದರೆ ಕೆಲಸವಿಲ್ಲ. ಇದನ್ನು ಬಹಿರಂಗವಾಗಿ ವಿರೋಧಿಸಿದ ಇವಾಸಾಕಿ ಅಕಿರಾ ಎಂಬ ವಿಮರ್ಶಕನು ಸೆರೆಮನೆ ಸೇರಿದನು. ಆ ಹದಿನೈದು ವರ್ಷಗಳ ಯುದ್ಧಕಾಲದ ಚಿತ್ರಗಳನ್ನು ಕುರಿತು ಪೀಟರ್ ಹೈ ಎಂಬವರು ಬರೆದ ದೊಡ್ಡ ಗ್ರಂಥವು 1995ರಲ್ಲಿ ಜಪಾನೀ ಭಾಷೆಯಲ್ಲಿಯೂ 2003ರಲ್ಲಿ ಇಂಗ್ಲೀಷಿನಲ್ಲಿಯೂ ಪ್ರಕಟವಾಗಿದೆ. ಸರಕಾರಿ ಕಾಗದಪತ್ರಗಳ ವ್ಯವಹಾರವನ್ನು ಬಲ್ಲ ನಮ್ಮ ಅಧಿಕಾರಿ ವಾಚಕರು ಅದನ್ನು ಅವಶ್ಯವಾಗಿ ಓದಬೇಕು. ದುಷ್ಟರಲ್ಲದ ಗುಮಾಸ್ತರು ದುಷ್ಟ ಕಾರ್ಯವನ್ನು ಎಷ್ಟು ಶಿಸ್ತಿನಿಂದ ನಡೆಸಬಲ್ಲರೆಂಬುದು ಅದರಲ್ಲಿದೆ.

ಆದರೆ ನಾವು ಓದಿದವುಗಳಲ್ಲೆಲ್ಲ ನಿದ್ರೆಗೆಡಿಸಿದುದು ಒಬ್ಬ ನಟಿಯ ಆತ್ಮಕಥೆ. ಯಾಮಾಗುಚಿ ಯೋಶಿಕೊ 1920ರಲ್ಲಿ ಮಂಚೂರಿಯಾದಲ್ಲಿ ಜಪಾನೀ ತಂದೆತಾಯಿಗಳಿಗೆ ಹುಟ್ಟಿದಳು. ತಂದೆಯು ರೈಲ್ವೆ ಕಂಪನಿಯ ನೌಕರರಿಗೆ ಚೀನೀ ಭಾಷೆಯನ್ನು ಕಲಿಸುತ್ತಿದ್ದವನು. ಮಗಳೂ ಆ ಭಾಷೆಯನ್ನು ತಾಯ್ನುಡಿಯಷ್ಟೇ ಸ್ವಚ್ಛವಾಗಿ ಕಲಿತಳು. ತಂದೆಯ ಚೀನೀ ಮಿತ್ರನೊಬ್ಬನು ಆಕೆಯನ್ನು ಧರ್ಮಪುತ್ರಿಯಾಗಿ ಸ್ವೀಕರಿಸಿ ಲೀ ಶಿಯಾಂಗ್‌ಲಾನ್ ಎಂದು ಹೆಸರಿಟ್ಟನು. ಸೀತಾಳೆಯ ಜಾತಿಯ ಪರಿಮಳದ ಹೂವೆಂದು ಅದರ ಭಾವ. ಜಪಾನೀಯರ ಬಾಯಲ್ಲಿ ಅದು ರಿ ಕೋರಾನ್. 1937ರಲ್ಲಿ ಮಂಚೂರಿಯಾದಲ್ಲಿ ಸ್ಥಾಪಿತವಾದ ಚಿತ್ರಸಂಸ್ಥೆಯು ಈಕೆಯನ್ನು ಅಪ್ಪಟ ಚೀನೀ ಕನ್ಯೆಯೆಂದು ಲೋಕಕ್ಕೆ ಪರಿಚಯಿಸಿ ತಾರೆಯನ್ನಾಗಿ ಮಾಡಿತು. 1939ರಿಂದ ಆ ಸಂಸ್ಥೆಯ ಮುಖ್ಯಸ್ಥನಾಗಿದ್ದವನು ಅಮಾಕಾಸು ಮಾಸಾಹಿಕೊ. 1923ರ ಭೂಕಂಪದ ಗೊಂದಲದಲ್ಲಿ ಸಮಾಜವಾದಿ ಓಸುಗಿ ಸಾಕಾಯೆಯನ್ನೂ ಅವನ ಸಂಗಾತಿಯನ್ನೂ ಬಾಲಕನೊಬ್ಬನನ್ನೂ ಕೊಲ್ಲಿಸಿದ ಸೈನ್ಯಾಧಿಕಾರಿ. ಕಲೆಗೆ ಎಂಥ ಪೋಷಕ!

1940ರ 'ಶಿನಾ ನೊ ಯೋರು' ಎಂಬ ಚಿತ್ರದಲ್ಲಿ ಈಕೆ ಜಪಾನೀಯರನ್ನು ದ್ವೇಷಿಸುವ ಅನಾಥ ಚೀನೀ ಹುಡುಗಿ. ನಾಯಕನು ಹಡಗಿನ ಜಪಾನೀ ಅಧಿಕಾರಿ, ಪಾತ್ರಧಾರಿಯು ಮೇಲೆ ಹೇಳಿದ ಹಾಸೆಗಾವಾ. ಅವನು ಆಕೆಯ ಕೆನ್ನೆಗೆ ಹೊಡೆಯುತ್ತಾನೆ. ಹೊಡೆಸಿಕೊಂಡ ಕೂಡಲೆ ಆಕೆಗೆ ಅವನ ಮೇಲೆ ಪ್ರೇಮ ಹುಟ್ಟುತ್ತದೆ. ಜಪಾನಿನ ಪ್ರೇಕ್ಷಕರು ಕರಗಿದರು. ಚೀನೀಯರಿಗೆ ಅದು ಇಮ್ಮಡಿ ಅಪಮಾನವಾಯಿತೆಂದು ಆಕೆಯೇ ತರುವಾಯ ಬರೆದಿದ್ದಾಳೆ: ಹೊಡೆಸಿಕೊಂಡುದು ಒಂದು, ಹೊಡೆದವನನ್ನು ಪ್ರೀತಿಸಿದುದು ಇನ್ನೊಂದು. 1941ರ ಫೆಬ್ರವರಿಯಲ್ಲಿ ಆಕೆ ಟೋಕಿಯೋದ ನಿಚಿಗೆಕಿ ರಂಗಮಂದಿರದಲ್ಲಿ ಹಾಡಲು ಬಂದಾಗ ಜನರ ಸಾಲು ಆ ಕಟ್ಟಡವನ್ನು ಏಳೂವರೆ ಸುತ್ತು ಬಳಸಿ ನಿಂತಿತೆಂದು ಪ್ರತೀತಿ. ಆಗಲೇ ಆ ಜನರ ಅಣ್ಣತಮ್ಮಂದಿರು ಚೀನದಲ್ಲಿ ಊರುಗಳನ್ನು ಸುಡುತ್ತಿದ್ದರು.

ಪೀಕಿಂಗಿನಲ್ಲಿ ವಿದ್ಯಾರ್ಥಿನಿಯಾಗಿದ್ದಾಗಿನ ಒಂದು ಸಂಗತಿಯನ್ನು ಆಕೆ ಬರೆದಿದ್ದಾಳೆ. ಸಹಪಾಠಿಗಳ ಗುಪ್ತ ಸಭೆಯಲ್ಲಿ, ಜಪಾನೀ ಸೈನ್ಯವು ನಗರಕ್ಕೆ ಮುತ್ತಿಗೆ ಹಾಕಿದರೆ ನೀನೇನು ಮಾಡುವೆಯೆಂದು ಒಬ್ಬೊಬ್ಬರನ್ನೂ ಕೇಳಲಾಯಿತು. ಈಕೆ ಜಪಾನಿನವಳೆಂಬುದು ಅಲ್ಲಿ ಅವರಿಗೆ ತಿಳಿಯದು. ತನ್ನ ಸರದಿ ಬಂದಾಗ, ಕೋಟೆಯ ಗೋಡೆಯ ಮೇಲೆ ಹೋಗಿ ನಿಲ್ಲುವೆನೆಂದಳು. ಹಾಗೆ ನಿಂತರೆ ಒಳಗಿನಿಂದಲೋ ಹೊರಗಿನಿಂದಲೋ ಬರುವ ಗುಂಡು ಮೊದಲು ತನಗೇ ತಗಲುವುದೆಂಬುದು ಆಕೆಯ ಮನಸ್ಸಿನಲ್ಲಿದ್ದ ಉತ್ತರ.

1945ರಲ್ಲಿ ಜಪಾನು ಸೋತಿತು. ಅಮಾಕಾಸು ವಿಷ ಕುಡಿದನು. ರಿ ಕೋರಾನ್ ಶಾಂಘಾಯಿಯಲ್ಲಿ ಬಂಧನಕ್ಕೊಳಗಾದಳು. ಚೀನೀಯಳಾಗಿದ್ದು ಶತ್ರುವಿನ ಸೇವೆ ಮಾಡಿದ ದೇಶದ್ರೋಹಿಯೆಂದು ಆಪಾದನೆ. ಅದಕ್ಕೆ ಮರಣದಂಡನೆಯೂ ಇದ್ದಿತು. ಬಾಲ್ಯದ ಗೆಳತಿಯಾದ ಲ್ಯೂಬಾ ಎಂಬ ರಷ್ಯನ್ ಯುವತಿಯ ಸಹಾಯದಿಂದ, ಬೊಂಬೆಯೊಂದರಲ್ಲಿ ಅಡಗಿಸಿದ ಕುಟುಂಬದ ಜನನಪತ್ರವು ಪೀಕಿಂಗಿನಿಂದ ಬಂದು ತಲಪಿತು. ಜಪಾನಿನವಳಾದವಳು ಚೀನಕ್ಕೆ ದ್ರೋಹಿಯಾಗುವುದು ಹೇಗೆ? ನ್ಯಾಯಾಸನವು ಆಕೆಯನ್ನು ಬಿಡುಗಡೆ ಮಾಡಿತು. ಆದರೆ ಚೀನೀ ಹೆಸರಿನಿಂದ ಆ ಚಿತ್ರಗಳಲ್ಲಿ ನಟಿಸಿದ ನೈತಿಕ ದೋಷವನ್ನು ಎತ್ತಿ ಹೇಳದೆ ಬಿಡಲಿಲ್ಲ. 1946ರಲ್ಲಿ ಸ್ವದೇಶಕ್ಕೆ ಮರಳಿ, ಮತ್ತೆ ನಟಿಯಾಗಿ, 1974ರಿಂದ 1992ರವರೆಗೆ ಜಪಾನಿನ ಪಾರ್ಲಿಮೆಂಟಿನ ಮೇಲ್ಮನೆಯ ಸದಸ್ಯೆಯಾಗಿ, ಯುದ್ಧಕಾಲದಲ್ಲಿ ಸೈನ್ಯದವರಿಂದ ಅತ್ಯಾಚಾರಕ್ಕೊಳಗಾದ ಏಷ್ಯದ ಸ್ತ್ರೀಯರಿಗಾಗಿ 1995ರಲ್ಲಿ ಆರಂಭವಾದ ನಿಧಿಯ ಉಪಾಧ್ಯಕ್ಷೆಯಾಗಿ ದುಡಿದು, 2014ರಲ್ಲಿ ನಿಧನಹೊಂದಿದಳು. ಆತ್ಮಕಥೆಯು 1987ರಲ್ಲಿ ಜಪಾನೀ ಭಾಷೆಯಲ್ಲಿ ಪ್ರಕಟವಾಯಿತು. ಇಂಗ್ಲೀಷು ಅನುವಾದವು 2015ರಲ್ಲಿ ಬಂದಿತು. ಅದರಲ್ಲಿ ಆಕೆ ತನ್ನನ್ನು ತಾನು ಕ್ಷಮಿಸಿಕೊಂಡಿಲ್ಲ.

ರಾಷ್ಟ್ರಾಭಿಮಾನವನ್ನೇ ಉಸಿರಾಗಿಸಿಕೊಂಡ ಪತ್ರಿಕೆಯೊಂದನ್ನು ನಡೆಸುವವರಿಗೆ ಇದನ್ನು ಓದುವುದು ಸುಖದ ಕೆಲಸವಲ್ಲ. 1905ರಲ್ಲಿ ಜಪಾನು ರಷ್ಯಾವನ್ನು ಸೋಲಿಸಿದಾಗ ಏಷ್ಯಕ್ಕೆ ಅರುಣೋದಯವಾಯಿತೆಂದು ನಮ್ಮ ಹಿಂದಿನ ಪೀಳಿಗೆಯ ರಾಷ್ಟ್ರೀಯರು ಹಿಗ್ಗಿದರು. ಆ ಹಿಗ್ಗು ಸುಳ್ಳಲ್ಲ. 1918ರಲ್ಲಿ ತನ್ನ ಮುಖದ ಮೇಲಿನ ಮಸಿಯು ಬರ್ಮೆಯವರ ಮುಖಕ್ಕೆ ದಾಟಿದುದರಿಂದ ನಿರಾಳವಾದ ಅದೇ ದೇಶವು, ಇಪ್ಪತ್ತೆರಡು ವರ್ಷಗಳ ಬಳಿಕ ಚೀನದ ಮುಖವೊಂದನ್ನು ತಾನೇ ತಯಾರಿಸಿ ಅದರ ಕೆನ್ನೆಗೆ ಹೊಡೆಯಿತು. ಹೊಡೆದ ಕೈಯೂ ಏಷ್ಯದ್ದೇ.

ಯುದ್ಧಾನಂತರದ ಕಥೆಯನ್ನು ಕ್ಯೋಕೊ ಹಿರಾನೊ ಎಂಬ ವಿದುಷಿಯ 1992ರ ಗ್ರಂಥದಿಂದ ತಿಳಿಯಬಹುದು. ಪ್ರಜಾಪ್ರಭುತ್ವವನ್ನು ಕಲಿಸಬಂದ ಅಮೇರಿಕದವರು 1945ರಲ್ಲಿ 236 ಹಳೆಯ ಚಿತ್ರಗಳನ್ನು ನಿಷೇಧಿಸಿದರು, ಅನೇಕವನ್ನು ಸುಟ್ಟರು. ಸೆರೆಯಿಂದ ಬಂದ ಇವಾಸಾಕಿಯು ನಿರ್ಮಿಸಿದ ಚಿತ್ರವೊಂದರಲ್ಲಿ ಚಕ್ರವರ್ತಿಯ ಸೇನಾಪತಿಯ ಉಡುಪು ಮೆಲ್ಲನೆ ಸಾಮಾನ್ಯ ನಾಗರಿಕನ ಕೋಟಾಗಿ ಮಾರ್ಪಡುವುದನ್ನು ತೋರಿಸಿದುದರಿಂದ 1946ರಲ್ಲಿ ಅದನ್ನೂ ತಡೆದರು. ಹೀಗೆ ಆ ಬಡಪಾಯಿಗೆ ಇಬ್ಬರು ಒಡೆಯರ ಕತ್ತರಿಯ ರುಚಿಯೂ ತಿಳಿಯಿತು. ಅದೇ ವರ್ಷ, ಎಲ್ಲರೂ ತಾವು ಮೋಸಹೋದೆವೆಂದು ಹೇಳಿಕೊಳ್ಳುತ್ತಿದ್ದಾಗ, ಇತಾಮಿ ಮಾನ್ಸಾಕು ಎಂಬ ನಿರ್ದೇಶಕನು ರೋಗಶಯ್ಯೆಯಿಂದ ಒಂದು ಲೇಖನ ಬರೆದು, ಮೋಸಹೋಗುವುದೂ ಒಂದು ಅಪರಾಧವೇ ಎಂದು ವಾದಿಸಿದನು. ಕೆಲವೇ ವಾರಗಳಲ್ಲಿ ತೀರಿಕೊಂಡನು. ಆ ಒಂದು ಲೇಖನವು ಕನ್ನಡಕ್ಕೆ ಬಂದರೆ ಈ ಪುಟದಲ್ಲಿ ಅದಕ್ಕೆ ಯಾವಾಗಲೂ ಸ್ಥಳವಿದೆ.

ಕಡೆಗೆ, ತಮ್ಮ ಮುಖವನ್ನು ತಾವೇ ಮರಳಿ ಪಡೆದ ಇಬ್ಬರು ಸ್ತ್ರೀಯರು. ತಾಕಾಮಿನೆ ಹಿದೇಕೊ ಐದನೆಯ ವಯಸ್ಸಿನಲ್ಲಿ ಕ್ಯಾಮರಾದ ಮುಂದೆ ನಿಂತವಳು. ಶಾಲೆಗೆ ಹೋಗಲು ಬಿಡುವಿಲ್ಲದೆ ದುಡಿದು, ತಾಯಿಯ ಸ್ಥಾನದಲ್ಲಿದ್ದವಳನ್ನೂ ಬಂಧುಗಳ ಸಂಸಾರವನ್ನೂ ಸಾಕಿದಳು. ಅಕ್ಷರಕ್ಕಾಗಿ ಹಂಬಲಿಸಿದ ಆಕೆ 1976ರಲ್ಲಿ ತನ್ನ ಜೀವನವನ್ನು ತಾನೇ ಬರೆದು, ಪ್ರಬಂಧಕಾರರ ಸಂಘದ ಬಹುಮಾನವನ್ನು ಪಡೆದಳು.

ಹಾರಾ ಸೆತ್ಸುಕೊ ಏನನ್ನೂ ಬರೆಯದೆಯೇ ಅದನ್ನು ಸಾಧಿಸಿದಳು. 1937ರಲ್ಲಿ, ಹದಿನಾರರ ಪ್ರಾಯದಲ್ಲಿ, ಜರ್ಮನಿಯೊಡನೆ ಕೂಡಿ ತೆಗೆದ ಮೈತ್ರಿಯ ಚಿತ್ರಕ್ಕೆ ಆಕೆಯ ಮುಖವನ್ನು ಬಳಸಿದರು. 1942ರಲ್ಲಿ ಹವಾಯಿ ದಾಳಿಯ ಚಿತ್ರಕ್ಕೆ. 1946ರಲ್ಲಿ ಕುರೊಸಾವಾನ ಚಿತ್ರದ ಮೂಲಕ ನೂತನ ಪ್ರಜಾಪ್ರಭುತ್ವಕ್ಕೆ. 1949ರಿಂದ ಓಜುವಿನ ಚಿತ್ರಗಳಲ್ಲಿ ನಗುತ್ತ ದುಃಖವನ್ನು ನುಂಗುವ ಮಗಳಾಗಿ, ಸೊಸೆಯಾಗಿ. ಸಂಸಾರವನ್ನು ಸಲಹುವುದಕ್ಕಾಗಿ ನಟಿಸಿದೆನೇ ಹೊರತು ಆ ಕೆಲಸವು ತನಗೆ ಪ್ರಿಯವಾಗಿರಲಿಲ್ಲವೆಂದು ಆಕೆ ಹೇಳಿದಾಗ ಅಭಿಮಾನಿಗಳು ಸಿಟ್ಟಾದರಂತೆ. 1962ರ ಬಳಿಕ ಆಕೆ ಯಾವ ಚಿತ್ರದಲ್ಲಿಯೂ ಕಾಣಿಸಿಕೊಳ್ಳಲಿಲ್ಲ. ಕಾಮಾಕುರಾದ ಮನೆಯಲ್ಲಿ, ಸಂದರ್ಶನವನ್ನಾಗಲಿ ಛಾಯಾಚಿತ್ರವನ್ನಾಗಲಿ ಯಾರಿಗೂ ಕೊಡದೆ, ಐವತ್ತು ವರ್ಷಗಳಿಗೂ ಮಿಕ್ಕಿ ಬಾಳಿದಳು. 2015ರ ಸೆಪ್ಟೆಂಬರ್ 5ರಂದು ಆಕೆ ತೀರಿಕೊಂಡಳು. ಪತ್ರಿಕೆಗಳಿಗೆ ಅದು ತಿಳಿದುದು ನವೆಂಬರಿನ ಕೊನೆಯ ವಾರದಲ್ಲಿ.